ಓವನ್‌ನಲ್ಲಿ ಒಡೆಯದ ಗಾಜು ಕಟ್ಟೆಯ ಮೇಲೆ ಯಾಕೆ ಒಡೆಯಿತು?

ಪ್ರಶ್ನೆ: ಸರ್, ನಮ್ಮದು ಉಡುಪಿಯ ಕಡಿಯಾಳಿ. ಅಣ್ಣ ಕುವೈತ್‌ನಿಂದ ಬರುವಾಗ ತಂದ ಗಾಜಿನ ಟ್ರೇ ಒಂದಿತ್ತು. ಆರು ವರ್ಷದಿಂದ ಅದರಲ್ಲೇ ಕೇಕ್ ಮಾಡುತ್ತಿದ್ದೆ. ಯಾವ ಕಂಪನಿಯದ್ದೋ ಗೊತ್ತಿಲ್ಲ, ಚೀಟಿ ಎಂದೋ ಹೋಗಿದೆ. ಮನೆಯಲ್ಲಿ ಎಲ್ಲರೂ ಅದನ್ನು ‘ಪೈರೆಕ್ಸ್’ ಅಂತಲೇ ಹೇಳುವುದು. ಕಳೆದ ವಾರ ರವೆ-ತೆಂಗಿನಕಾಯಿ ಕೇಕ್ ಬೇಯಿಸಿ, ಟ್ರೇಯನ್ನು ಓವನ್‌ನಿಂದ ತೆಗೆದು ಅಡುಗೆಕಟ್ಟೆಯ ಗ್ರಾನೈಟ್ ಮೇಲೆ ಇಟ್ಟೆ. ಆಗಷ್ಟೇ ಒರೆಸಿದ್ದರಿಂದ ಕಟ್ಟೆ ಸ್ವಲ್ಪ ಒದ್ದೆ ಇತ್ತು. ಪಟಾಕಿ ಹೊಡೆದ ಹಾಗೆ ಶಬ್ದ ಬಂತು. ಇಡೀ ಟ್ರೇ ಕಲ್ಲುಸಕ್ಕರೆಯ ಹಾಗೆ ಚೂರುಚೂರು. ಪೈರೆಕ್ಸ್ ಅಂದರೆ ‘ಬೆಂಕಿಯ ರಾಜ’ ಅಂತ ಅರ್ಥವಂತೆ, ಮಗಳು ಹೇಳುತ್ತಾಳೆ. ಅದಕ್ಕೆ ಅತ್ತೆ ಕೇಳಿದರು, “ಬೆಂಕಿಯ ರಾಜ ಬೆಂಕಿಯಲ್ಲಿ ಉಳಿದು, ಕಟ್ಟೆಯ ಮೇಲೆ ಯಾಕೆ ಹೋದ?” ನನಗೂ ಅದೇ ಸಂಶಯ. 180 ಡಿಗ್ರಿ ತಡೆದುಕೊಂಡದ್ದು ತಣ್ಣಗಿನ ಕಲ್ಲಿಗೆ ಯಾಕೆ ಒಡೆಯಿತು? ಹೆಸರಿನ ಅರ್ಥ ನಿಜವೇ? ಅಣ್ಣ ಡಿಸೆಂಬರ್‌ನಲ್ಲಿ ಬರುತ್ತಾನೆ. ಇನ್ನೊಂದು ತರಿಸಬಹುದಾ?

ಉತ್ತರ: ಮೊದಲು ಕೇಕಿನ ವಿಷಯ. ಅದನ್ನು ಯಾರೂ ತಿಂದಿಲ್ಲ ಅಂದುಕೊಳ್ಳುತ್ತೇನೆ. ಮೇಲಿನ ಭಾಗ ಚೆನ್ನಾಗಿದೆಯಲ್ಲ, ಅಡಿ ಮಾತ್ರ ಕೊಯ್ದು ತೆಗೆದರೆ ಸಾಕು ಅನ್ನಿಸುತ್ತದೆ. ದಯವಿಟ್ಟು ಬೇಡ. ಹೀಗೆ ಸಿಡಿದ ಗಾಜಿನಲ್ಲಿ ಸಾಸಿವೆ ಕಾಳಿಗಿಂತ ಸಣ್ಣ ಚೂರೂ ಇರುತ್ತದೆ. ರವೆಯ ನಡುವೆ ಅದು ಕಣ್ಣಿಗೆ ಕಾಣುವುದೇ ಇಲ್ಲ. ಕಟ್ಟೆಯ ಮೇಲೆ ಮುಚ್ಚಳ ಹಾಕದೆ ಇಟ್ಟಿದ್ದ ಅಡುಗೆಯನ್ನೂ ಚೆಲ್ಲಬೇಕು. ಗುಡಿಸಿ ಆದ ಮೇಲೆ ರಾತ್ರಿ ದೀಪ ಆರಿಸಿ, ಟಾರ್ಚನ್ನು ನೆಲಕ್ಕೆ ತಾಗಿಸಿ ಹಿಡಿದು ನೋಡಿ. ಉಳಿದ ಚೂರುಗಳು ಮಿನುಗುತ್ತವೆ. ಚಪಾತಿ ಹಿಟ್ಟಿನ ಉಂಡೆಯಿಂದ ಒತ್ತಿದರೆ ಅಂಟಿಕೊಂಡು ಬರುತ್ತವೆ. ಎಲ್ಲವನ್ನೂ ನಾಲ್ಕು ಪದರ ಪೇಪರಿನಲ್ಲಿ ಸುತ್ತಿ, ಮೇಲೆ ‘ಗಾಜು’ ಅಂತ ದೊಡ್ಡದಾಗಿ ಬರೆದು, ಕಸದ ಗಾಡಿಯವರಿಗೆ ಬಾಯಿಮಾತಿನಲ್ಲೂ ಹೇಳಿ ಕೊಡಿ. ಆ ಕಸದಲ್ಲಿ ಕೈ ಹಾಕುವವರು ಅವರು. ಒಂದು ದೊಡ್ಡ ಚೂರು ಮಾತ್ರ ಎತ್ತಿಡಿ. ಅದರಿಂದ ಆಮೇಲೆ ಒಂದು ಕೆಲಸ ಇದೆ.

ಈಗ ಅತ್ತೆಯವರ ಪ್ರಶ್ನೆ. ಮೂವತ್ತು ವರ್ಷ ಮಂಗಳೂರಿನ ಕಾಲೇಜೊಂದರಲ್ಲಿ ರಸಾಯನಶಾಸ್ತ್ರ ಕಲಿಸಿದವನು ನಾನು. ಲ್ಯಾಬಿಗೆ ಬಂದ ಹುಡುಗರು ಇಷ್ಟು ನೇರವಾಗಿ ಕೇಳಿದ್ದು ಕಡಿಮೆ. ಉತ್ತರ ಇಷ್ಟೇ: ಗಾಜು ಬಿಸಿಗೆ ಹೆದರುವುದಿಲ್ಲ. 180 ಡಿಗ್ರಿ ಅದಕ್ಕೆ ಏನೇನೂ ಅಲ್ಲ. ನಿಮ್ಮ ಮನೆಯ ಕಿಟಕಿಯ ಗಾಜು ಮೆತ್ತಗಾಗಬೇಕಾದರೂ 700 ಡಿಗ್ರಿ ಮುಟ್ಟಬೇಕು. ಗಾಜು ಹೆದರುವುದು ಒಂದೇ ಮೈಯಲ್ಲಿ ಒಂದು ಕಡೆ ಬಿಸಿ, ಇನ್ನೊಂದು ಕಡೆ ತಣ್ಣಗೆ ಇರುವುದಕ್ಕೆ.

ಓವನ್ ಒಳಗೆ ಟ್ರೇ ನಿಧಾನವಾಗಿ ಕಾಯಿತು. ಅಡಿ, ಅಂಚು, ಮೂಲೆ ಎಲ್ಲ ಹೆಚ್ಚುಕಡಿಮೆ ಒಟ್ಟಿಗೇ ಹಿಗ್ಗಿದವು. ಒಂದು ಇನ್ನೊಂದನ್ನು ಎಳೆಯಲಿಲ್ಲ. ಒದ್ದೆ ಕಲ್ಲಿನ ಮೇಲೆ ಇಟ್ಟ ಕ್ಷಣ ಅಡಿಯ ಹೊರಮೈ ಮಾತ್ರ ತಣ್ಣಗಾಯಿತು. ಗ್ರಾನೈಟ್ ಕಾವನ್ನು ಬೇಗ ಎಳೆದುಕೊಳ್ಳುತ್ತದೆ. ಅದರ ಮೇಲಿನ ನೀರು ಚುರ್ ಅಂತ ಆವಿಯಾಗುವಾಗ ಇನ್ನೂ ಜಾಸ್ತಿ ಕಾವನ್ನು ಕುಡಿಯುತ್ತದೆ. ಹೊರಮೈ ಕುಗ್ಗಲು ಹೊರಟಿತು. ಒಳಗಿನ ಗಾಜು ಇನ್ನೂ 180 ಡಿಗ್ರಿಯಲ್ಲೇ ಇದೆ, ಕುಗ್ಗಲು ತಯಾರಿಲ್ಲ. ಪಾತ್ರೆ ಅಲ್ಯೂಮಿನಿಯಂನದ್ದಾಗಿದ್ದರೆ ಕಾವು ಒಳಗಿನಿಂದ ಹೊರಗೆ ಹರಿದು ಬಂದು ಈ ವ್ಯತ್ಯಾಸವನ್ನು ಕೂಡಲೇ ಸರಿಮಾಡುತ್ತಿತ್ತು. ಗಾಜಿನಲ್ಲಿ ಕಾವು ಹರಿಯುವುದು ಅಲ್ಯೂಮಿನಿಯಂಗಿಂತ ಸುಮಾರು 200 ಪಟ್ಟು ನಿಧಾನ. ಹಾಗಾಗಿ ಹೊರಮೈ ಎಳೆತಕ್ಕೆ ಸಿಕ್ಕಿತು. ಗಾಜನ್ನು ಅದುಮಿದರೆ ಎಷ್ಟೋ ತಡೆದುಕೊಳ್ಳುತ್ತದೆ, ಎಳೆದರೆ ತಡೆಯುವುದಿಲ್ಲ. ಮೈಮೇಲೆ ಕಣ್ಣಿಗೆ ಕಾಣದ ಒಂದು ಗೀರು ಇದ್ದರೆ ಸಾಕು, ಅಲ್ಲಿಂದ ಬಿರುಕು ಓಡುತ್ತದೆ. ಸ್ಟೀಲ್ ಪಾತ್ರೆಯಾದರೆ ಇದೇ ಎಳೆತಕ್ಕೆ ಸ್ವಲ್ಪ ಬಾಗಿ ಸುಮ್ಮನಾಗುತ್ತದೆ. ಗಾಜಿಗೆ ಬಾಗಲು ಬರುವುದಿಲ್ಲ.

ಇಲ್ಲಿ ಇನ್ನೊಂದು ಮಾತು ಸೇರಿಸಬೇಕು. ತಣ್ಣಗಿನ ಗಾಜನ್ನು ಥಟ್ಟನೆ ಬಿಸಿ ಮಾಡುವುದಕ್ಕಿಂತ ಬಿಸಿ ಗಾಜನ್ನು ಥಟ್ಟನೆ ತಣ್ಣಗೆ ಮಾಡುವುದು ಹೆಚ್ಚು ಅಪಾಯ. ಮೊದಲನೆಯದರಲ್ಲಿ ಹೊರಮೈ ಹಿಗ್ಗಲು ಹೋಗಿ ಅದುಮಿಕೊಳ್ಳುತ್ತದೆ. ಎರಡನೆಯದರಲ್ಲಿ ಕುಗ್ಗಲು ಹೋಗಿ ಎಳೆದುಕೊಳ್ಳುತ್ತದೆ. ಗೀರುಗಳೆಲ್ಲ ಇರುವುದು ಹೊರಮೈಯಲ್ಲೇ ಅಲ್ವಾ? ನಾನು ಕೆಲಸಕ್ಕೆ ಸೇರಿದ ಮೊದಲ ವರ್ಷ ಕುದಿಯುತ್ತಿದ್ದ ಫ್ಲಾಸ್ಕನ್ನು ಇಕ್ಕಳದಿಂದ ಎತ್ತಿ ತೊಳೆಯುವ ತೊಟ್ಟಿಯ ಪಕ್ಕದ ಒದ್ದೆ ಕಲ್ಲಿನ ಮೇಲೆ ಇಟ್ಟಿದ್ದೆ. ಅಡಿ ಬಳೆಯ ಹಾಗೆ ಸುತ್ತಲೂ ಬಿಟ್ಟುಕೊಂಡಿತು. ಹುಡುಗರ ಮೂರು ದಿನದ ಕೆಲಸ ತೊಟ್ಟಿಗೆ ಹರಿದು ಹೋಯಿತು. ಲ್ಯಾಬಿನ ಅಟೆಂಡರ್ ಒಬ್ಬರು ಮರುದಿನ ನನ್ನ ಮೇಜಿನ ಮೇಲೆ ಒಂದು ಮರದ ಹಲಗೆ ತಂದು ಇಟ್ಟರು. ಏನೂ ಹೇಳಲಿಲ್ಲ. ಆ ಹಲಗೆ ನಾನು ನಿವೃತ್ತಿಯಾಗುವವರೆಗೂ ಅಲ್ಲೇ ಇತ್ತು.

ಹೆಸರಿಗೆ ಬರುತ್ತೇನೆ. ಮಗಳು ಹೇಳಿದ ಅರ್ಥ ಅವಳು ಕಟ್ಟಿದ್ದಲ್ಲ, ಜಗತ್ತಿನ ತುಂಬ ಹರಡಿದೆ. ಗ್ರೀಕ್ ಭಾಷೆಯಲ್ಲಿ ‘ಪೈರ್’ ಅಂದರೆ ಬೆಂಕಿ. ಜ್ವರ ಇಳಿಸುವ ಮಾತ್ರೆಗೆ ಡಾಕ್ಟರು ‘ಆಂಟಿಪೈರೆಟಿಕ್’ ಅನ್ನುತ್ತಾರಲ್ಲ, ಅದರ ಒಳಗೂ ಇದೇ ಪೈರ್ ಇದೆ. ಲ್ಯಾಟಿನ್‌ನಲ್ಲಿ ‘ರೆಕ್ಸ್’ ಅಂದರೆ ರಾಜ. ನಮ್ಮ ‘ರಾಜ’ ಮತ್ತು ಆ ‘ರೆಕ್ಸ್’ ಬಹಳ ಹಿಂದಿನ ಒಂದೇ ಬೇರಿನಿಂದ ಬಂದವು. ಹಾಗಾಗಿ ಪೈರ್-ರೆಕ್ಸ್ ಅಂದರೆ ಬೆಂಕಿಯ ರಾಜ. ಕೇಳಲು ಚೆನ್ನಾಗಿದೆ. ಓವನ್‌ಗೆ ಹೋಗಿ ಬರುವ ಪಾತ್ರೆಗೆ ಹೇಳಿ ಮಾಡಿಸಿದ ಹಾಗಿದೆ.

ಆದರೆ ಆ ಗಾಜನ್ನು ಮಾಡಿದ ಅಮೆರಿಕದ ಕಾರ್ನಿಂಗ್ ಕಂಪನಿಯವರು ಹೇಳಿದ ಕಥೆ ಬೇರೆ. 1915ರಲ್ಲಿ ಈ ಹೆಸರನ್ನು ಮಾರುಕಟ್ಟೆಗೆ ತಂದಾಗ ಮೊದಮೊದಲು ಮಾರಿದ ಪಾತ್ರೆಗಳಲ್ಲಿ ಒಂದು ಪೈ ಬೇಯಿಸುವ ತಟ್ಟೆ. ನಮ್ಮ ಕಡೆ ಪೈ ಅಂದರೆ ಮನೆತನದ ಹೆಸರು. ಇಲ್ಲಿ ಹೇಳುವುದು ಹಿಟ್ಟಿನ ಹಾಳೆಯೊಳಗೆ ಸೇಬು ತುಂಬಿ ಬೇಯಿಸುತ್ತಾರಲ್ಲ, ಆ ಪೈ. ಕಂಪನಿಯ ಹಳೆಯ ಹೆಸರುಗಳು ಕೆಲವು ‘ಎಕ್ಸ್’ ಅಂತ ಮುಗಿಯುತ್ತಿದ್ದವು. ‘ಪೈ’ಗೆ ‘ಎಕ್ಸ್’ ಸೇರಿಸಿದರು. ಬಾಯಲ್ಲಿ ಸಲೀಸಾಗಿ ಹೊರಳಲಿ ಅಂತ ನಡುವೆ ಒಂದು ‘ರ’ಕಾರ ಇಟ್ಟರು. ಅಷ್ಟೇ ಅಂತೆ. ಅರ್ಧ ಗ್ರೀಕ್ ಅರ್ಧ ಲ್ಯಾಟಿನ್ ಸೇರಿಸಿದ ಕಲಬೆರಕೆ ಪದವನ್ನು ಓದಿದವರು ಯಾರೂ ಕಟ್ಟುವುದಿಲ್ಲ ಅಂತಲೂ ವಾದ ಮಾಡಿದ್ದರು. ಈ ವಾದ ನನಗೆ ಅಷ್ಟು ಗಟ್ಟಿ ಅನ್ನಿಸುವುದಿಲ್ಲ. ಟೆಲಿವಿಷನ್ ಕೂಡ ಅರ್ಧ ಗ್ರೀಕ್, ಅರ್ಧ ಲ್ಯಾಟಿನ್ ಪದವೇ. ಆದರೂ ಪೈ ತಟ್ಟೆಯ ಕಥೆಯನ್ನೇ ನಾನು ನಂಬುತ್ತೇನೆ. ಯಾಕೆಂದರೆ ಆ ‘ಎಕ್ಸ್’ ಎಲ್ಲಿಂದ ಬಂತು ಅನ್ನುವುದಕ್ಕೆ ಕಣ್ಣೆದುರು ಸಾಕ್ಷಿ ಇದೆ. ಪೈರೆಕ್ಸ್‌ಗಿಂತ ಮೊದಲು ಆ ಕಂಪನಿಯಲ್ಲಿ ‘ನೋನೆಕ್ಸ್’ ಅನ್ನುವ ಗಾಜು ಇತ್ತು. ಹಿಗ್ಗದ ಗಾಜು ಅಂತ ಅದರ ಅರ್ಥ. ಆ ಹೆಸರಿನಲ್ಲಿ ಬೆಂಕಿಯೂ ಇಲ್ಲ, ರಾಜನೂ ಇಲ್ಲ. ಗಾಜಿನ ನಿಜವಾದ ಗುಣ ಇದೆ. ನನ್ನನ್ನು ಕೇಳಿದರೆ ಇಷ್ಟು ಪ್ರಾಮಾಣಿಕವಾದ ಹೆಸರು ಆಮೇಲೆ ಬರಲಿಲ್ಲ.

ನೋನೆಕ್ಸ್ ಹುಟ್ಟಿದ್ದು ಅಡುಗೆಮನೆಗೆ ಅಲ್ಲ, ರೈಲಿಗೆ. ಸಿಗ್ನಲ್ ಲಾಟೀನಿನ ಒಳಗೆ ಉರಿ, ಹೊರಗೆ ಮಳೆ ಮತ್ತು ಹಿಮ. ನಿಮ್ಮ ಟ್ರೇಗೆ ಆದದ್ದೇ ಆ ಗಾಜಿಗೂ ಆಗುತ್ತಿತ್ತು. ಕೆಂಪು ಗಾಜು ಒಡೆದು ಬಿದ್ದರೆ ಡ್ರೈವರ್‌ಗೆ ಬಿಳಿ ಬೆಳಕು ಕಾಣುತ್ತದೆ. ಆಮೇಲೆ ಏನಾಗಬಹುದು ಅಂತ ಹೇಳಬೇಕಾಗಿಲ್ಲ. ಯೂಜೀನ್ ಸಲಿವನ್ ಮತ್ತು ವಿಲಿಯಂ ಟೇಲರ್ ಎಂಬ ಇಬ್ಬರು ಕಾರ್ನಿಂಗ್ ರಸಾಯನಜ್ಞರು ಇದಕ್ಕೆ ಬೋರಾನ್ ಸೇರಿಸಿದ ಗಾಜನ್ನು ಹೊಂದಿಸಿದರು. ಬೋರಾನ್ ಹಾಕುವ ದಾರಿಯನ್ನು ಅವರಿಗಿಂತ ಮೊದಲೇ ಜರ್ಮನಿಯ ಯೇನಾ ಊರಿನಲ್ಲಿ ಒಟ್ಟೊ ಶಾಟ್ ತೋರಿಸಿಕೊಟ್ಟಿದ್ದರು.

1913ರಲ್ಲಿ ಆ ಕಂಪನಿಯ ಭೌತವಿಜ್ಞಾನಿ ಜೆಸ್ಸಿ ಲಿಟಲ್ಟನ್ ಅವರ ಹೆಂಡತಿ ಬೆಸ್ಸಿಯ ಬೇಕಿಂಗ್ ಪಾತ್ರೆ ಒಡೆಯಿತು. ನಿಮ್ಮ ಹಾಗೆಯೇ. ಲ್ಯಾಬಿನಲ್ಲಿ ಮಾಡುತ್ತೀರಲ್ಲ, ಆ ಗಟ್ಟಿ ಗಾಜಿನದ್ದು ಏನಾದರೂ ತಂದುಕೊಡಿ ಅಂದರು ಆಕೆ. ಗಂಡ ನೋನೆಕ್ಸ್ ಗಾಜಿನ ಬ್ಯಾಟರಿ ಜಾಡಿಯ ಅಡಿಯನ್ನು ಗರಗಸದಿಂದ ಕೊಯ್ದು ಮನೆಗೆ ತಂದರು. ಬೆಸ್ಸಿ ಅದರಲ್ಲಿ ಕೇಕ್ ಬೇಯಿಸಿದರು. ಕೇಕ್ ಎಲ್ಲ ಕಡೆ ಸಮನಾಗಿ ಬೆಂದಿತ್ತು, ಬೆಂದದ್ದು ಹೊರಗಿನಿಂದಲೇ ಕಾಣುತ್ತಿತ್ತು, ತೊಳೆಯುವುದೂ ಸುಲಭವಾಗಿತ್ತು. ಆದರೆ ನೋನೆಕ್ಸ್‌ನಲ್ಲಿ ಸೀಸ ಇತ್ತು, ಅಡುಗೆಗೆ ಆಗುವುದಿಲ್ಲ. ಸೀಸ ಇಲ್ಲದ ಹೊಸ ಗಾಜನ್ನು ಹೊಂದಿಸಿ, ಎರಡು ವರ್ಷದ ಮೇಲೆ ಮಾರಾಟಕ್ಕೆ ತಂದರು. ಅದೇ ಪೈರೆಕ್ಸ್. ಹೆಸರಿನಲ್ಲಿ ರಾಜ ಇದ್ದಾನೋ ಇಲ್ಲವೋ, ಹಿಂದೆ ಒಬ್ಬ ಗೃಹಿಣಿ ಇದ್ದಾಳೆ ಅಂತ ಮಗಳಿಗೆ ಹೇಳಿ.

ಬೋರಾನ್ ಅಂದ ಕೂಡಲೇ ದೂರದ ಯಾವುದೋ ವಸ್ತು ಅನ್ನಿಸಬಹುದು. ಅಲ್ಲ. ಉಡುಪಿಯ ರಥಬೀದಿಯ ಅಕ್ಕಸಾಲಿಗರನ್ನು ಕೇಳಿ, ಚಿನ್ನಕ್ಕೆ ಬೆಸುಗೆ ಹಾಕುವಾಗ ಬಿಳಿಗಾರ ಬಳಸುತ್ತಾರೆ. ಟಂಕಣ ಅಂತಲೂ ಅದಕ್ಕೆ ಹೆಸರು. ಹಿಂದೆ ಟಿಬೆಟ್ ಕಡೆಯ ಸರೋವರಗಳಿಂದ ಬರುತ್ತಿತ್ತು. ಅದರೊಳಗಿರುವುದೇ ಬೋರಾನ್. ಕೇರಂ ಬೋರ್ಡಿಗೆ ಹಾಕುವ ನುಣುಪು ಪುಡಿ ಇದೆಯಲ್ಲ, ಬೋರಿಕ್ ಪೌಡರ್, ಅದೂ ಇದರ ಸಂಬಂಧಿಯೇ.

ಅದು ಗಾಜಿನಲ್ಲಿ ಏನು ಮಾಡುತ್ತದೆ? ಗಾಜು ಅಂದರೆ ಮುಖ್ಯವಾಗಿ ಮರಳು. ಬರೀ ಮರಳನ್ನು ಕರಗಿಸಿ ಗಾಜು ಮಾಡಿದರೆ ಅದರಷ್ಟು ಗಟ್ಟಿ ಇನ್ನೊಂದಿಲ್ಲ, ಬಿಸಿಗೆ ಹಿಗ್ಗುವುದೇ ಇಲ್ಲ ಅನ್ನಬಹುದು. ಆದರೆ ಕರಗಿಸಲು 1700 ಡಿಗ್ರಿ ಬೇಕು, ಮನೆಬಳಕೆಯ ಪಾತ್ರೆಗೆ ಯಾರಿಗೂ ಪೂರೈಸುವುದಿಲ್ಲ. ಅದಕ್ಕೆ ಸೋಡಾ ಹಾಕುತ್ತಾರೆ. ಆಗ ಬೇಗ ಕರಗುತ್ತದೆ. ನೀರಿನಲ್ಲಿ ಕರಗದೆ ಗಟ್ಟಿ ನಿಲ್ಲಲಿ ಅಂತ ಸುಣ್ಣ ಸೇರಿಸುತ್ತಾರೆ. ಇದು ಸೋಡಾ-ಲೈಮ್ ಗಾಜು. ಬಾಟಲಿ, ಕಿಟಕಿ, ಹೋಟೆಲಿನ ಚಹಾದ ಗ್ಲಾಸ್ ಎಲ್ಲ ಇದೇ. ತೊಂದರೆ ಏನೆಂದರೆ, ಸೋಡಾ ಸೇರಿದ ಕೂಡಲೇ ಒಳಗಿನ ಕಟ್ಟು ಸಡಿಲವಾಗುತ್ತದೆ, ಗಾಜು ಬಿಸಿಗೆ ಜಾಸ್ತಿ ಹಿಗ್ಗಲು ಶುರುಮಾಡುತ್ತದೆ. ಬೋರಾನ್ ಹಾಕಿದರೆ ಗಾಜು ಬೇಗ ಕರಗುತ್ತದೆ, ಕಟ್ಟೂ ಅಷ್ಟಾಗಿ ಸಡಿಲವಾಗುವುದಿಲ್ಲ. ಹೀಗೆ ಬೋರಾನ್ ಹಾಕಿದ ಗಾಜಿಗೆ ಬೊರೊಸಿಲಿಕೇಟ್ ಅಂತ ಹೆಸರು. ಅದರಲ್ಲಿ ನೂರಕ್ಕೆ 80 ಪಾಲು ಮರಳಿನ ಸಿಲಿಕಾ, ಸುಮಾರು 13 ಪಾಲು ಬೋರಾನ್ ಆಕ್ಸೈಡ್, ಸೋಡಾ ಬರೀ 4 ಪಾಲು.

ಒಂದು ಲೆಕ್ಕ ಹಾಕೋಣ. ನಿಮ್ಮ ಟ್ರೇ ಒಂದಡಿ, ಅಂದರೆ 30 ಸೆಂಟಿಮೀಟರ್ ಉದ್ದ ಇತ್ತು ಅಂದುಕೊಳ್ಳಿ. 30 ಡಿಗ್ರಿಯಿಂದ 180ಕ್ಕೆ ಏರಿದರೆ ಸೋಡಾ-ಲೈಮ್ ಗಾಜು 0.4 ಮಿಲಿಮೀಟರ್ ಉದ್ದವಾಗುತ್ತದೆ. ಬೊರೊಸಿಲಿಕೇಟ್ 0.15 ಮಿಲಿಮೀಟರ್. ಕೂದಲೆಳೆಯಷ್ಟು ಅಂತರ ಅನ್ನಿಸಬಹುದು. ಬಾಗಲು ಬಾರದ ವಸ್ತುವಿಗೆ ಅದು ಬಹಳ ದೊಡ್ಡದು. ಇದೇ ಕಾರಣಕ್ಕೆ ಅಮೆರಿಕದ ಪಲೋಮರ್ ಬೆಟ್ಟದ ದೂರದರ್ಶಕದ ಐದು ಮೀಟರ್ ಅಗಲದ ಕನ್ನಡಿಯನ್ನೂ 1934ರಲ್ಲಿ ಪೈರೆಕ್ಸ್ ಗಾಜಿನಲ್ಲೇ ಎರೆದರು. ರಾತ್ರಿಯ ಚಳಿಗೆ ಕನ್ನಡಿ ಕುಗ್ಗಿ ಆಕಾರ ಕೆಡಬಾರದು.

ಹಾಗಾದರೆ ನಿಮ್ಮ ಟ್ರೇ ಯಾವುದು? ನೀವು ಬರೆದ ಎರಡು ಮಾತುಗಳಿಂದಲೇ ನನಗೆ ಗೊತ್ತಾಯಿತು: ಪಟಾಕಿಯ ಶಬ್ದ, ಕಲ್ಲುಸಕ್ಕರೆಯ ಚೂರು. ಬೊರೊಸಿಲಿಕೇಟ್ ಪಾತ್ರೆ ಒಡೆದರೆ ಹಾಗೆ ಪುಡಿಯಾಗುವುದಿಲ್ಲ. ಉದ್ದುದ್ದ, ಚೂಪಾದ, ದೊಡ್ಡ ತುಂಡುಗಳಾಗುತ್ತವೆ. ನಿಮ್ಮದು ಟೆಂಪರ್ ಮಾಡಿದ ಸೋಡಾ-ಲೈಮ್ ಗಾಜು. ನಮ್ಮ ಬಸ್ಸುಗಳ ಪಕ್ಕದ ಕಿಟಕಿಗೆ ಹಾಕುವ ಗಾಜಿನ ಜಾತಿ. ಕಲ್ಲು ಬಿದ್ದರೆ ಅದೂ ಹರಳುಹರಳಾಗಿ ಸುರಿಯುತ್ತದೆ.

ಟೆಂಪರ್ ಮಾಡುವುದು ಒಂದು ಜಾಣ ಕೆಲಸ. ಪಾತ್ರೆಯನ್ನು 600 ಡಿಗ್ರಿ ದಾಟಿಸಿ ಕಾಯಿಸುತ್ತಾರೆ. ಆಮೇಲೆ ಹೊರಮೈಗೆ ಜೋರಾಗಿ ಗಾಳಿ ಊದುತ್ತಾರೆ. ಹೊರಮೈ ಮೊದಲು ಗಟ್ಟಿಯಾಗುತ್ತದೆ. ಒಳಗಿನದ್ದು ನಿಧಾನವಾಗಿ ತಣಿದು ಕುಗ್ಗುವಾಗ, ಮೊದಲೇ ಗಟ್ಟಿಯಾದ ಹೊರಮೈಯನ್ನು ಒಳಕ್ಕೆ ಬಿಗಿದು ಹಿಡಿಯುತ್ತದೆ. ಹೊರಮೈ ಸದಾ ಅದುಮಿಕೊಂಡೇ ಇರುತ್ತದೆ. ಅದನ್ನು ಎಳೆದು ಒಡೆಯಬೇಕಾದರೆ ಮೊದಲು ಆ ಬಿಗಿತವನ್ನು ಮೀರಬೇಕು. ಹಾಗಾಗಿ ಈ ಪಾತ್ರೆ ಕೈಜಾರಿ ಬಿದ್ದರೆ ಬೊರೊಸಿಲಿಕೇಟ್‌ಗಿಂತ ಚೆನ್ನಾಗಿ ತಡೆಯುತ್ತದೆ. ಬೆಲೆಯೂ ಕಡಿಮೆ. ಇದನ್ನು ಮೋಸದ ಮಾಲು ಅನ್ನುವುದು ಸರಿಯಲ್ಲ. ಆದರೆ ಆರು ವರ್ಷ ಸ್ಟೀಲ್ ಸ್ಕ್ರಬ್ಬರ್‌ನಿಂದ ಉಜ್ಜಿ ಉಜ್ಜಿ ಗೀರು ಬಿದ್ದಿದ್ದರೆ, ಒಂದು ದಿನ ಒದ್ದೆ ಕಲ್ಲಿನ ಎಳೆತ ಆ ಬಿಗಿತವನ್ನು ಮೀರುತ್ತದೆ. ಆಗ ಒಳಗೆ ಕೂಡಿಟ್ಟಿದ್ದ ಒತ್ತಡವೆಲ್ಲ ಒಂದೇ ಸಲ ಬಿಟ್ಟುಕೊಳ್ಳುತ್ತದೆ. ನಿಮಗೆ ಕೇಳಿಸಿದ್ದು ಆ ಶಬ್ದ.

ಪೈರೆಕ್ಸ್ ಅನ್ನುವ ಹೆಸರಿನ ಗೊಂದಲ ಇಲ್ಲೇ ಇರುವುದು. ಲ್ಯಾಬಿನಲ್ಲಿ ನಾವು ಪೈರೆಕ್ಸ್ ಅಂದರೆ ಬೊರೊಸಿಲಿಕೇಟ್ ಅಂತಲೇ ಅರ್ಥ. ಅಂಗಡಿಯಲ್ಲಿ ಅದು ಒಂದು ಮಾರ್ಕು. ಆ ಮಾರ್ಕಿನ ಕೆಳಗೆ ಎರಡೂ ಬಗೆಯ ಗಾಜು ಬರುತ್ತದೆ. ಅಮೆರಿಕದಲ್ಲಿ ಅಡುಗೆ ಪಾತ್ರೆಗಳಿಗೆ ಸೋಡಾ-ಲೈಮ್ ಬಳಸುವುದು ಎಷ್ಟೋ ವರ್ಷ ಹಿಂದೆಯೇ ಶುರುವಾಗಿತ್ತು. 1998ರಲ್ಲಿ ಕಾರ್ನಿಂಗ್ ತನ್ನ ಅಡುಗೆ ಪಾತ್ರೆ ವಿಭಾಗವನ್ನೇ ಮಾರಿಬಿಟ್ಟಿತು. ಈಗ ಅಲ್ಲಿಯದು ಟೆಂಪರ್ ಮಾಡಿದ ಸೋಡಾ-ಲೈಮ್. ಫ್ರಾನ್ಸಿನಲ್ಲಿ ಮಾಡಿ ಯುರೋಪಿನಲ್ಲಿ ಮಾರುವುದು ಬೊರೊಸಿಲಿಕೇಟ್. ಮಾರ್ಕನ್ನು ಇಂಗ್ಲಿಷಿನ ದೊಡ್ಡ ಅಕ್ಷರದಲ್ಲಿ ಬರೆದಿದ್ದರೆ ಒಂದು, ಸಣ್ಣ ಅಕ್ಷರದಲ್ಲಿ ಬರೆದಿದ್ದರೆ ಇನ್ನೊಂದು ಅಂತ ಜನ ಹೇಳುತ್ತಾರೆ. ಗುರುತಿಗೆ ಅದು ಸ್ವಲ್ಪ ಸಹಾಯ ಮಾಡುತ್ತದೆ, ಹಳೆಯ ಪಾತ್ರೆಗಳ ವಿಷಯದಲ್ಲಿ ಅದನ್ನೇ ನಂಬಬೇಡಿ. ಇನ್ನು ಮನೆಯಲ್ಲಿ ಪೈರೆಕ್ಸ್ ಅಂದರೆ ಗಲ್ಫ್‌ನಿಂದ ಬಂದ ಯಾವುದೇ ಗಾಜಿನ ಪಾತ್ರೆ. ನಿಮ್ಮ ಮನೆಯಲ್ಲಿ ಮಾತ್ರ ಅಲ್ಲ, ಮಂಗಳೂರಿನಿಂದ ಕುಂದಾಪುರದವರೆಗೆ ಎಷ್ಟೋ ಮನೆಗಳಲ್ಲಿ ಹಾಗೆಯೇ. ನಮ್ಮ ದೇಶದಲ್ಲಿ 1962ರಲ್ಲಿ ಕಾರ್ನಿಂಗ್ ಜೊತೆ ಸೇರಿ ಶುರುವಾದ ಬೊರೊಸಿಲ್ ಹೆಸರಿಗೂ ಹೀಗೇ ಆಗಿದೆ. ಗಾಜಿನ ಹೆಸರನ್ನೇ ಕತ್ತರಿಸಿ ಮಾಡಿದ ಮಾರ್ಕು ಅದು, ಈಗ ಯಾವ ಬೀಕರ್ ಕಂಡರೂ ಹುಡುಗರು ಬೊರೊಸಿಲ್ ಅನ್ನುತ್ತಾರೆ.

ಪದಗಳು ಹೀಗೆ ಹರಡುವುದು ನಮಗೇನು ಹೊಸತಲ್ಲ. ‘ಹಂಚು’ ಅಂತ ಧಾರವಾಡದಲ್ಲಿ ಹೇಳಿದರೆ ರೊಟ್ಟಿ ಸುಡಲು ಒಲೆಯ ಮೇಲೆ ಇಡುವುದು. ನಮ್ಮಲ್ಲಿ ಹೇಳಿದರೆ ಮಾಡಿನ ಮೇಲೆ ಹೊದೆಸುವುದು. ನಾನು ಧಾರವಾಡದಲ್ಲಿ ಓದುವಾಗ ಕೋಣೆಯ ಗೆಳೆಯನ ತಾಯಿ “ಹಂಚು ಕಾಯ್ತು, ಬರ್ರಿ” ಅಂದಾಗ ನಾನು ತಲೆ ಎತ್ತಿ ಮಾಡು ನೋಡಿದ್ದೆ. ‘ಓಡು’ ಕೂಡ ಹಾಗೆಯೇ. ಮಾಡಿನ ಓಡೂ ಹೌದು, ಓಡುಪ್ಪಾಳೆ ಹೊಯ್ಯುವ ಮಣ್ಣಿನ ಓಡೂ ಹೌದು. ಎರಡೂ ಒಲೆಯಲ್ಲಿ ಸುಟ್ಟ ಜೇಡಿಮಣ್ಣೇ, ಹಾಗಾಗಿ ಒಂದೇ ಹೆಸರು ಸಾಕಾಯಿತು. ದೋಸೆಯ ‘ಕಾವಲಿ’ಯಲ್ಲಿ ‘ಕಾವು’ ಇದೆ. ನಮ್ಮವರು ಹೆಸರಿಟ್ಟಾಗ ರಾಜನನ್ನು ಕರೆಯಲಿಲ್ಲ. ಯಾವ ವಸ್ತು, ಏನು ಕೆಲಸ ಅಂತ ನೋಡಿ ಇಟ್ಟರು.

ಸುಟ್ಟ ಮಣ್ಣು ಈ ಎಳೆತವನ್ನು ಹೇಗೆ ತಡೆಯುತ್ತದೆ ಅನ್ನುವುದೂ ತಿಳಿದುಕೊಳ್ಳಬೇಕಾದದ್ದು. ಮೇ ತಿಂಗಳ ಬಿಸಿಲಿಗೆ ಕಾದ ಮಂಗಳೂರು ಹಂಚಿನ ಮೇಲೆ ಮೊದಲ ಮಳೆ ಬೀಳುತ್ತದೆ. ಹಂಚು ಒಡೆಯುವುದಿಲ್ಲ. ಜೆಪ್ಪುವಿನಲ್ಲಿ ಬಾಸೆಲ್ ಮಿಶನ್‌ನವರು 1865ರಲ್ಲಿ ಹಂಚಿನ ಕಾರ್ಖಾನೆ ಶುರುಮಾಡಿದ ಮೇಲೆ ಎಷ್ಟು ಮಳೆಗಾಲ ಹೋಗಿದೆ ನೋಡಿ. ಸುಟ್ಟ ಮಣ್ಣಿನೊಳಗೆ ಕಣ್ಣಿಗೆ ಕಾಣದ ತೂತುಗಳಿವೆ, ಮರಳಿನ ಕಣಗಳಿವೆ. ಬಿರುಕು ಹೊರಟರೂ ಒಂದು ತೂತಿಗೆ ಬಂದು ಅಲ್ಲೇ ನಿಲ್ಲುತ್ತದೆ. ಗಾಜಿನಲ್ಲಿ ಅದನ್ನು ನಿಲ್ಲಿಸುವ ಏನೂ ಇಲ್ಲ. ಆದರೂ ನಮ್ಮ ಅಜ್ಜಿಯಂದಿರು ಮೀನು ಸಾರಿನ ಮಣ್ಣಿನ ಪಾತ್ರೆಯನ್ನು ಒಲೆಯಿಂದ ಇಳಿಸಿ ನೇರ ನೆಲಕ್ಕೆ ಇಡುತ್ತಿರಲಿಲ್ಲ, ಸಿಂಬೆಯ ಮೇಲೆ ಇಡುತ್ತಿದ್ದರು. ಉರುಳಬಾರದು ಅಂತ ಮಾತ್ರ ಅಲ್ಲ. ಹೊಸ ಪಾತ್ರೆಯನ್ನು ಗಂಜಿ ತಿಳಿಯಲ್ಲಿ ಪಳಗಿಸದೆ ದೊಡ್ಡ ಉರಿಗೆ ಒಡ್ಡುತ್ತಿರಲಿಲ್ಲ. ನಿಮ್ಮ ಅತ್ತೆಯವರಿಗೆ ಇದೆಲ್ಲ ಗೊತ್ತಿರುತ್ತದೆ. ಗಾಜಿನ ಪಾತ್ರೆಗೂ ಅದೇ ಮರ್ಯಾದೆ ಸಲ್ಲಬೇಕು.

ಇನ್ನೊಂದು ಎಚ್ಚರಿಕೆ, ಇದು ಗಲ್ಫ್ ಪಾತ್ರೆಗಳಿರುವ ಮನೆಗಳಿಗೆ. ಕೆಲವರಲ್ಲಿ ಜೇನು ಬಣ್ಣದ, ಆಚೆ ಈಚೆ ಕಾಣುವ, ಹಿಡಿ ಇರುವ ಗಾಜಿನ ಪಾತ್ರೆ ಇರುತ್ತದೆ. ಅದನ್ನು ಗ್ಯಾಸ್ ಒಲೆಯ ಮೇಲೆಯೇ ಇಡುತ್ತಾರೆ, ಏನೂ ಆಗುವುದಿಲ್ಲ. ಅದನ್ನು ನೋಡಿ ಓವನ್ ಟ್ರೇಯನ್ನೂ ಉರಿಯ ಮೇಲೆ ಇಡಬೇಡಿ. ಅದು ಬೇರೆಯೇ ವಸ್ತು, ಗ್ಲಾಸ್-ಸೆರಾಮಿಕ್. ಕಾರ್ನಿಂಗ್‌ನ ಡೊನಾಲ್ಡ್ ಸ್ಟೂಕಿ 1953ರಲ್ಲಿ ಗಾಜಿನ ತುಂಡೊಂದನ್ನು 600 ಡಿಗ್ರಿಗೆ ಕಾಯಿಸಲು ಇಟ್ಟಿದ್ದರು. ಕುಲುಮೆ ಕೆಟ್ಟು 900ಕ್ಕೆ ಹೋಯಿತು. ಗಾಜು ಕರಗಿ ಹರಿದಿರಬೇಕು ಅಂದುಕೊಂಡು ತೆರೆದರೆ ಹಾಲಿನ ಬಣ್ಣದ ಗಟ್ಟಿ ತುಂಡು. ಇಕ್ಕಳದಿಂದ ಜಾರಿ ನೆಲಕ್ಕೆ ಬಿದ್ದರೂ ಒಡೆಯಲಿಲ್ಲ. ಗಾಜಿನೊಳಗೆ ಸಣ್ಣ ಸಣ್ಣ ಹರಳುಗಳು ಬೆಳೆದಿದ್ದವು. ಇಂಥ ಗಾಜನ್ನು ಬಿಸಿಗೆ ಬಹುಮಟ್ಟಿಗೆ ಹಿಗ್ಗದ ಹಾಗೆ ಮಾಡಬಹುದು. ಪೈರೊಸೆರಾಮ್ ಅಂತ ಹೆಸರಿಟ್ಟರು. ಈ ಹೆಸರಿನಲ್ಲಿರುವ ‘ಪೈರೊ’ ನಿಜವಾಗಿಯೂ ಬೆಂಕಿಯೇ. ನಿಮ್ಮ ಇಂಡಕ್ಷನ್ ಒಲೆಯ ಕಪ್ಪು ಮೇಲ್ಮೈ ಇದೇ ಕುಟುಂಬದ್ದು.

ಹೊಸ ಟ್ರೇ ತರಿಸಿ, ಹೆದರಬೇಡಿ. ಗಾಜಿನಲ್ಲಿ ಬೇಯಿಸುವ ಸುಖ ಬೇರೆಯೇ, ಹುಳಿ ಹಾಕಿದರೂ ರುಚಿ ಕೆಡುವುದಿಲ್ಲ. ಅಣ್ಣನಿಗೆ ಹೇಳುವುದು ಇಷ್ಟು: ಮಾರ್ಕು ಯಾವುದೇ ಇರಲಿ, ಪಾತ್ರೆಯನ್ನು ಮಗುಚಿ ನೋಡಬೇಕು, ಪೆಟ್ಟಿಗೆಯನ್ನು ಓದಬೇಕು, ‘ಬೊರೊಸಿಲಿಕೇಟ್’ ಅಂತ ಬರೆದಿದ್ದರೆ ಮಾತ್ರ ತರಬೇಕು. ಟೆಂಪರ್ಡ್ ಅಂತ ಬರೆದಿದ್ದರೆ ಅದು ಹೆಚ್ಚಾಗಿ ಸೋಡಾ-ಲೈಮ್. ಮಂಗಳೂರಿನ ಅಂಗಡಿಗಳಲ್ಲೂ ಈಗ ಬೊರೊಸಿಲಿಕೇಟ್ ಸಿಗುತ್ತದೆ, ಕುವೈತ್‌ನಿಂದಲೇ ಹೊತ್ತು ತರಬೇಕಾಗಿಲ್ಲ.

ಆದರೆ ಬೊರೊಸಿಲಿಕೇಟ್ ಅಂತ ಬರೆದದ್ದೂ ಒಡೆಯುತ್ತದೆ. ನನ್ನ ಫ್ಲಾಸ್ಕ್ ಅದೇ ಗಾಜಿನದ್ದು. ಹೊರಗೆ ತೆಗೆದ ಪಾತ್ರೆಯನ್ನು ಒಣಗಿದ ದಪ್ಪ ಬಟ್ಟೆಯ ಮೇಲೋ ಮರದ ಮಣೆಯ ಮೇಲೋ ಇಡಿ. ಮಣೆಯನ್ನು ಮೊದಲೇ ಇಟ್ಟುಕೊಂಡು ಆಮೇಲೆ ಓವನ್ ಬಾಗಿಲು ತೆರೆಯಿರಿ, ಬಿಸಿ ಟ್ರೇ ಕೈಯಲ್ಲಿರುವಾಗ ಹುಡುಕುವುದು ಬೇಡ. ಹಿಡಿಯುವ ಬಟ್ಟೆಯೂ ಒಣಗಿರಲಿ. ನಮ್ಮ ಮಳೆಗಾಲದಲ್ಲಿ ಬಟ್ಟೆ ಒಣಗಿದೆ ಅಂತ ಅನ್ನಿಸಿದರೂ ಪಸೆ ಇರುತ್ತದೆ, ನೋಡಿಕೊಳ್ಳಿ. ಬಿಸಿ ಟ್ರೇಗೆ ತಣ್ಣಗಿನ ಹಾಲು, ನೀರು ಹೊಯ್ಯಬೇಡಿ. ಫ್ರಿಜ್‌ನಿಂದ ತೆಗೆದು ಕೂಡಲೇ ಓವನ್‌ಗೆ ಬೇಡ. ಉಜ್ಜಲು ಸ್ಪಂಜು ಸಾಕು, ಅಂಟಿಕೊಂಡದ್ದನ್ನು ಬಿಸಿನೀರಿನಲ್ಲಿ ನೆನೆಸಿ ಬಿಡಿಸಿ. ಅಂಚಿನಲ್ಲಿ ಚಕ್ಕೆ ಎದ್ದ ಗಾಜಿನ ಪಾತ್ರೆ ಮನೆಯಲ್ಲಿ ಇನ್ನೂ ಇದ್ದರೆ ಅದನ್ನು ಅಕ್ಕಿ, ಬೇಳೆ ಹಾಕಲು ಇಟ್ಟುಕೊಳ್ಳಿ, ಓವನ್‌ಗೆ ಮಾತ್ರ ಬೇಡ.

ಈಗ ಎತ್ತಿಟ್ಟ ಆ ಚೂರು. ಇದನ್ನು ಮಗಳೊಟ್ಟಿಗೆ ಮಾಡಿ, ಕೈಗೆ ದಪ್ಪ ಬಟ್ಟೆ ಸುತ್ತಿಕೊಂಡು, ಇಕ್ಕಳದಲ್ಲಿ ಹಿಡಿದು. ಒಂದು ಗ್ಲಾಸಿನಲ್ಲಿ ಸೂರ್ಯಕಾಂತಿ ಎಣ್ಣೆ ತೆಗೆದುಕೊಳ್ಳಿ. ಮೆಡಿಕಲ್ ಅಂಗಡಿಯ ಗ್ಲಿಸರಿನ್ ಆದರೂ ಆಗುತ್ತದೆ. ತೆಂಗಿನೆಣ್ಣೆ ಬೇಡ, ಅದರಲ್ಲಿ ಬೆಳಕು ಬಾಗುವ ಪ್ರಮಾಣ ಸ್ವಲ್ಪ ಕಡಿಮೆ. ಬೊರೊಸಿಲಿಕೇಟ್ ಗಾಜೂ ಸೂರ್ಯಕಾಂತಿ ಎಣ್ಣೆಯೂ ಬೆಳಕನ್ನು ಹೆಚ್ಚುಕಡಿಮೆ ಒಂದೇ ಅಳತೆಯಲ್ಲಿ ಬಾಗಿಸುತ್ತವೆ, 1.47ರ ಹತ್ತಿರ. ಹಾಗಾಗಿ ಆ ಗಾಜನ್ನು ಎಣ್ಣೆಯಲ್ಲಿ ಮುಳುಗಿಸಿದರೆ ಅಂಚೇ ಕಾಣದೆ ಮಾಯವಾದ ಹಾಗಿರುತ್ತದೆ. ಸೋಡಾ-ಲೈಮ್ ಗಾಜಿನದ್ದು 1.52. ಅದು ಎಣ್ಣೆಯೊಳಗೂ ಸ್ಪಷ್ಟವಾಗಿ ಕಾಣುತ್ತದೆ. ಲ್ಯಾಬಿನಲ್ಲಿ ಇದನ್ನು ಮಾಡಿ ತೋರಿಸಿದಾಗ ಪ್ರತಿ ವರ್ಷವೂ ಹುಡುಗರು ಗ್ಲಾಸಿನ ಹತ್ತಿರ ಮುಖ ತಂದು ಹುಡುಕುತ್ತಿದ್ದರು. ಪಕ್ಕದ ಮನೆಯಲ್ಲಿ ಯಾರ ಹತ್ತಿರವಾದರೂ ಒಡೆದ ಟೆಸ್ಟ್ ಟ್ಯೂಬ್ ಸಿಕ್ಕಿದರೆ ಅದನ್ನೂ ಜೊತೆಗೆ ಮುಳುಗಿಸಿ. ನಿಮ್ಮ ಟ್ರೇಯ ಚೂರು ಕಾಣುತ್ತಲೇ ಇರುತ್ತದೆ ಅಂತ ನನ್ನ ಊಹೆ. ಕಂಡಿತಾ, ಮಾಯವಾಯಿತಾ, ಬರೆದು ತಿಳಿಸಿ.